ಆಯಿ ಹೇಳಿದ ಹರಳಿನ ಊರು

 

ನಮ್ಮ ಆಯಿ ರಾತ್ರಿ ಮಲಗುವಾಗ ಒಂದು ಕಥೆ ಹೇಳತಾಳ. ಏಳು ಸಮುದ್ರದ ಆಚೆ ಒಂದು ಹರಳಿನ ಊರು ಐತಿ. ಅಲ್ಲಿ ದೀಪಕ್ಕ ಎಣ್ಣಿ ಬೇಡ, ಬತ್ತಿ ಬೇಡ. ಹರಳಿನ ಮ್ಯಾಲೆ ಬಿಸಿಲು ಬಿದ್ದರ ಸಾಕು, ಮಂತ್ರದಿಂದ ಗಿರಣಿ ತಾನೇ ತಿರಗತೈತಿ, ಬಾವಿ ನೀರು ತಾನೇ ಮ್ಯಾಲೆ ಬರತೈತಿ. "ಆ ಊರು ಖರೇನ ಐತೇನ ಆಯಿ?" ಅಂತ ಕೇಳಿದರೆ "ಕಥಿಯೊಳಗ ಐತಿ, ಮಲಕೋ" ಅನ್ನತಾಳ.

ಈ ವರ್ಷ ಗುರುಗಳು ಸೌರಶಕ್ತಿಯ ಬಗ್ಗೆ ಹೇಳುತ್ತಾ ಒಂದು ಚಿತ್ರ ತೋರಿಸಿದರು. ಕಣ್ಣು ಹಾಯುವವರೆಗೂ ನೀಲಿ ಹಲಗೆಗಳ ಸಾಲು. ನನಗೆ ಆಯಿಯ ಊರೇ ಕಂಡಂತೆ ಆಯಿತು. ಅದು ನಮ್ಮ ಕರ್ನಾಟಕದಲ್ಲೇ, ತುಮಕೂರು ಜಿಲ್ಲೆಯ ಪಾವಗಡ ತಾಲೂಕಿನಲ್ಲಿ ಇದೆ. ಹೆಸರು ಪಾವಗಡ ಸೋಲಾರ್ ಪಾರ್ಕ್. 2018ರ ಮಾರ್ಚ್ 1ರಂದು ಇದರ ಉದ್ಘಾಟನೆ ಆಯಿತು. 2019ರ ಕೊನೆಗೆ ಪೂರ್ತಿ ಮುಗಿಯಿತು. ಸುಮಾರು 13,000 ಎಕರೆ ಜಾಗ, 2,050 ಮೆಗಾವ್ಯಾಟ್ ಶಕ್ತಿ. ನಾನು ಲೆಕ್ಕ ಮಾಡಿ ನೋಡಿದೆ. 5 ಎಚ್.ಪಿ. ಪಂಪಸೆಟ್ಟಿಗೆ ಸುಮಾರು 3,730 ವ್ಯಾಟ್ ಬೇಕು. ಹಂಗಾದರ ಬಿಸಿಲು ಪೂರ್ತಿ ಇದ್ದಾಗ ಈ ಒಂದು ಪಾರ್ಕು ಸುಮಾರು ಐದೂವರೆ ಲಕ್ಷ ಪಂಪಸೆಟ್ಟು ನಡೆಸಬಹುದು!

ಇದರಲ್ಲಿ ಹರಳು ಎಲ್ಲೈತಿ?

ಮೇಲಿನ ಗಾಜು ಹರಳಲ್ಲ. ಗಾಜಿನ ಕೆಳಗೆ ಚೌಕ ಚೌಕಾಗಿ ಕಾಣುವ ನೀಲಿ ಅಥವಾ ಕಪ್ಪು ಬಿಲ್ಲೆಗಳೇ ಹರಳು. ಅದು ಸಿಲಿಕಾನ್ ಎಂಬ ಮೂಲವಸ್ತುವಿನ ಹರಳು. ಹಳ್ಳದ ಉಸುಕಿನಲ್ಲಿ, ಬೆಣಚುಕಲ್ಲಿನಲ್ಲಿ ಸಿಲಿಕಾನ್ ಮತ್ತು ಆಕ್ಸಿಜನ್ ಕೂಡಿಕೊಂಡಿರುತ್ತವೆ. ಆಕ್ಸಿಜನ್ ತೆಗೆದು, ಸಿಲಿಕಾನನ್ನು ಬಹಳ ಶುದ್ಧ ಮಾಡಿ ಕರಗಿಸುತ್ತಾರೆ. ಅದು ಕರಗಲು 1,414 ಡಿಗ್ರಿ ಸೆಲ್ಸಿಯಸ್ ಶಾಖ ಬೇಕು. ಆರಿಸಿದಾಗ ಕಲ್ಲುಸಕ್ಕರೆ ಗಟ್ಟಿಯಾದಂತೆ ಹರಳಾಗುತ್ತದೆ. ಅದನ್ನು ಒಂದು ಮಿಲಿಮೀಟರಿನ ಐದನೇ ಒಂದು ಭಾಗಕ್ಕಿಂತ ತೆಳುವಾಗಿ ಕೊಯ್ಯುತ್ತಾರೆ.

ಮಂತ್ರ ಯಾವುದು?

ನಮ್ಮ ಗೋಕಾಕ ಫಾಲ್ಸಿನಲ್ಲಿ ಬೀಳುವ ನೀರು ಚಕ್ರ ತಿರುಗಿಸಿದರೆ ಕರೆಂಟು ಬರುತ್ತದೆ. ಸೋಲಾರ್ ಹಲಗೆಯಲ್ಲಿ ಏನೂ ತಿರುಗುವುದಿಲ್ಲ, ಸಪ್ಪಳ ಇಲ್ಲ, ಹೊಗೆ ಇಲ್ಲ. ಹಂಗಾದರ ಕರೆಂಟು ಹೆಂಗ ಬರತೈತಿ?

ನಮ್ಮ ವರ್ಗವನ್ನೇ ಹರಳು ಎಂದು ತಿಳಿಯಿರಿ. ಬೆಂಚಿನ ಮೇಲೆ ಕುಂತ ಹುಡುಗರು ಎಲೆಕ್ಟ್ರಾನುಗಳು. ಬೆಳಕು ಬಿತ್ತು ಅಂದರೆ ಗಂಟೆ ಬಾರಿಸಿದಂತೆ, ಎಲೆಕ್ಟ್ರಾನುಗಳು ಎದ್ದು ಓಡುತ್ತವೆ. ಆದರೆ ಎಲ್ಲಿ ಬೇಕಲ್ಲಿ ಓಡಿದರೆ ಕೆಲಸ ಆಗುವುದಿಲ್ಲ. ಅದಕ್ಕೆ ಹರಳಿನ ಒಂದು ಕಡೆ ರಂಜಕ, ಇನ್ನೊಂದು ಕಡೆ ಬೋರಾನ್ ಎಂಬ ವಸ್ತುಗಳನ್ನು ಚೂರೇ ಚೂರು ಸೇರಿಸಿರುತ್ತಾರೆ. ಅವೆರಡೂ ಕೂಡುವ ಜಾಗ ಒಂದೇ ಕಡೆ ತೆರೆಯುವ ಬಾಗಿಲಿನಂತೆ ಕೆಲಸ ಮಾಡುತ್ತದೆ. ಎದ್ದವರೆಲ್ಲ ಅದೇ ಬಾಗಿಲಿನಿಂದ ಹೊರಗೆ ಹೋಗಿ, ತಂತಿಯಲ್ಲಿ ಸುತ್ತಿ, ಬಲ್ಬು ಹಚ್ಚಿ, ಪಂಪು ತಿರುಗಿಸಿ ಮತ್ತೆ ತಮ್ಮ ಬೆಂಚಿಗೆ ಬರುತ್ತಾರೆ. ಇದೇ ಕರೆಂಟು. ಎಲ್ಲರೂ ತಿರುಗಿ ಬರುವುದರಿಂದ ಹರಳು ಖರ್ಚಾಗಿ ಹೋಗುವುದಿಲ್ಲ. ಒಂದು ಬಿಲ್ಲೆಯಿಂದ ಸುಮಾರು ಅರ್ಧ ವೋಲ್ಟ್ ಮಾತ್ರ ಸಿಗುತ್ತದೆ. ಅದಕ್ಕೇ ಬಹಳ ಬಿಲ್ಲೆಗಳನ್ನು ಜೋಡಿಸುತ್ತಾರೆ.

ಬೆಳಕಿನಿಂದ ಕರೆಂಟು ಬರುತ್ತದೆ ಎಂದು 1839ರಲ್ಲಿ ಫ್ರಾನ್ಸ್ ದೇಶದ ಬೆಕೆರೆಲ್ ಕಂಡುಹಿಡಿದ. ಆಗ ಅವನ ವಯಸ್ಸು 19. ಚೆನ್ನಾಗಿ ಕೆಲಸ ಮಾಡುವ ಸಿಲಿಕಾನ್ ಬಿಲ್ಲೆ ಅಮೆರಿಕದ ಬೆಲ್ ಪ್ರಯೋಗಾಲಯದಲ್ಲಿ 1954ರಲ್ಲಿ ತಯಾರಾಯಿತು. ಅದು ತನ್ನ ಮೇಲೆ ಬಿದ್ದ ಬೆಳಕಿನ ನೂರು ಪಾಲಿನಲ್ಲಿ ಆರು ಪಾಲನ್ನು ಕರೆಂಟು ಮಾಡುತ್ತಿತ್ತು. ಈಗಿನವು ಇಪ್ಪತ್ತು ಪಾಲು ಮಾಡುತ್ತವೆ.

ನೀವೂ ಪರೀಕ್ಷೆ ಮಾಡಿ. ಅಂಗಡಿಯಲ್ಲಿರುವ ಸೋಲಾರ್ ಕ್ಯಾಲ್ಕುಲೇಟರಿನ ಕಪ್ಪು ಪಟ್ಟಿಯನ್ನು ಬೆರಳಿನಿಂದ ಪೂರ್ತಿ ಮುಚ್ಚಿರಿ. ಅಂಕಿಗಳು ಮಾಯ! ಬೆರಳು ತೆಗೆದರೆ ಮತ್ತೆ ಕೆಲಸ ಮಾಡುತ್ತದೆ. (ಒಳಗೆ ಸೆಲ್ ಇದ್ದರೆ ಹೀಗೆ ಆಗುವುದಿಲ್ಲ. ನಾನು ಮೊದಲು ಅದರಲ್ಲೇ ಮಾಡಿ ಎಲ್ಲರ ಮುಂದೆ ನಗೆಗೀಡಾದೆ.)

ಆಯಿ ಹೇಳದ ಮಾತು

ಕಥೆಯ ಊರಿನಲ್ಲಿ ರಾತ್ರಿಯೂ ಬೆಳಕು. ಇಲ್ಲಿ ಹೊತ್ತು ಮುಳುಗಿದರೆ ಕರೆಂಟು ಬಂದ್. ಬ್ಯಾಟರಿಯಲ್ಲಿ ಕೂಡಿಡಬೇಕು, ಇಲ್ಲವೆ ಬೇರೆ ಕಡೆಯಿಂದ ತರಬೇಕು. ಧೂಳು ಕುಂತರೆ ಹಲಗೆಗಳನ್ನು ತೊಳೆಯಬೇಕು. ಇನ್ನೊಂದು ಮಾತು. ಆ 13,000 ಎಕರೆ ರೈತರ ಹೊಲ. ಅದನ್ನು ಕೊಂಡಿಲ್ಲ, ಲಾವಣಿ ಹಾಕಿಕೊಂಡಿದ್ದಾರೆ. ಮೊದಲು ಎಕರೆಗೆ ವರ್ಷಕ್ಕೆ 21,000 ರೂಪಾಯಿ ಗೊತ್ತು ಮಾಡಿದರು. ಮಳೆ ಕಡಿಮೆ ಇರುವ ನಾಡಿನಲ್ಲಿ ಹೊಲ ಇದ್ದವರಿಗೆ ಇದು ಆಸರೆ. ಆದರೆ ಹೊಲ ಇಲ್ಲದೆ ಮಂದಿ ಹೊಲಕ್ಕೆ ಕೂಲಿಗೆ ಹೋಗುತ್ತಿದ್ದವರಿಗೆ ಲಾವಣಿ ಹಣ ಇಲ್ಲ, ಕಳೆ ತೆಗೆಯುವ ಕೆಲಸವೂ ಇಲ್ಲ. ಹರಳಿನ ಊರು ಕಟ್ಟುವವರು ಇವರನ್ನೂ ನೆನಸಬೇಕು.

ನನಗ್ಯಾಕ ಇದು ಬೇಕು?

ನಮ್ಮ ಕಬ್ಬಿನ ಹೊಲಕ್ಕೆ ತ್ರೀ ಫೇಸ್ ಕರೆಂಟು ಒಂದು ವಾರ ಹಗಲು, ಒಂದು ವಾರ ರಾತ್ರಿ ಬರತೈತಿ. ರಾತ್ರಿ ಪಾಳಿ ಇದ್ದಾಗ ಅಪ್ಪ ಬ್ಯಾಟರಿ, ಬಡಿಗಿ ಹಿಡಕೊಂಡು ನೀರು ಹಾಯಿಸಾಕ ಹೋಗತಾನ. ಹೋದ ವರ್ಷ ಕಬ್ಬಿನ ಸಾಲಿನಾಗ ಅಪ್ಪನ ಕಾಲಮುಂದ ನಾಗರಹಾವು ಹೆಡೆ ಎತ್ತಿತ್ತು. ಅವತ್ತಿನಿಂದ ಅಪ್ಪ ಮನಿಗೆ ಬರೂತನಕ ಅವ್ವ ನಿದ್ದಿ ಮಾಡೂದಿಲ್ಲ. ನಾನೂ ಕಣ್ಣು ಮುಚ್ಚಿಕೊಂಡು ಎಚ್ಚರ ಇರತೀನಿ.

ಸೋಲಾರ್ ಕರೆಂಟು ಹಗಲಿನಲ್ಲೇ ಬರುವುದು. ಅದು ಅದರ ಕೊರತೆ ಅಂತ ಮೇಲೆ ಬರೆದೆ. ಆದರೆ ರೈತರಿಗೆ ಅದೇ ಲಾಭ! 2019ರಲ್ಲಿ ಕೇಂದ್ರ ಸರ್ಕಾರ ಪಿ.ಎಂ. ಕುಸುಮ್ ಎಂಬ ಯೋಜನೆ ತಂದಿದೆ. ಅದರಲ್ಲಿ ಸೋಲಾರ್ ಪಂಪಿಗೆ ಸಹಾಯಧನ ಇದೆ. ಪಂಪಸೆಟ್ಟಿನ ಲೈನುಗಳಿಗೆ ಹಗಲು ಸೋಲಾರ್ ಕರೆಂಟು ಕೊಡುವುದೂ ಇದೆ. ನಮ್ಮ ಯರಗಟ್ಟಿ ಸುತ್ತಲಿನ ಎಲ್ಲ ಹೊಲಗಳಿಗೂ ಅದು ಬರಲಿ.

ಇದನ್ನೆಲ್ಲ ಆಯಿಗೆ ಓದಿ ಹೇಳಿದೆ. ಆಯಿ ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಂಗಾರ ನಿಮ್ಮಪ್ಪ ರಾತ್ರಿ ಮನ್ಯಾಗ ಮಲಗತಾನೇನು?" ಅಂದಳು.

ತಪ್ಪಿದ್ದರೆ ಗುರುಗಳು ತಿದ್ದಬೇಕೆಂದು ವಿನಂತಿ.

— ಏಳನೇ ವರ್ಗದ ವಿದ್ಯಾರ್ಥಿ