ಟಿ.ವಿ.ಯಲ್ಲಿ ವಿಜ್ಞಾನ ಹೇಳಿದ ನಟ

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಗಳು 1997ರವರೆಗೆ ಧಾರವಾಡ ಜಿಲ್ಲೆಗೆ ಸೇರಿದ್ದವು. ಆ ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಗಣಿತ, ಸಂಖ್ಯಾಶಾಸ್ತ್ರ ಓದಿ 1958ರಲ್ಲಿ ಪದವೀಧರರಾದವರು ಗಿರೀಶ ಕಾರ್ನಾಡ. 1970ರ 'ಸಂಸ್ಕಾರ' ಚಿತ್ರದ ಪ್ರಾಣೇಶಾಚಾರ್ಯನ ಪಾತ್ರ ಅವರಿಗೆ ನಟನೆಂಬ ಹೆಸರು ತಂದಿತು. ಆದರೆ ಚಿತ್ರಮಂದಿರಕ್ಕೆ ಹೋಗದವರಿಗೂ ಅವರ ಮುಖ ಪರಿಚಯವಾದದ್ದು ದೂರದರ್ಶನದಿಂದ. ಶಂಕರ್‌ನಾಗ್ ನಿರ್ದೇಶನದ 'ಮಾಲ್ಗುಡಿ ಡೇಸ್'ನಲ್ಲಿ ಅವರು ಸ್ವಾಮಿಯ ತಂದೆ. 1990ರ ದಶಕದಲ್ಲಿ 'ಟರ್ನಿಂಗ್ ಪಾಯಿಂಟ್' ವಿಜ್ಞಾನ ಕಾರ್ಯಕ್ರಮದ ನಿರೂಪಕರಾದರು. ಅಲ್ಲಿ ಪಾತ್ರದ ಮರೆಯಿರಲಿಲ್ಲ. ತಾರೆಯ ವರ್ಚಸ್ಸು ವಿಜ್ಞಾನದ ಕೆಲಸಕ್ಕೆ ಒದಗಿತು. ವೀಕ್ಷಕರು ಬರೆದ ಪ್ರಶ್ನೆಗಳಿಗೆ ವಿಜ್ಞಾನಿ ಯಶಪಾಲ್ ಉತ್ತರಿಸುತ್ತಿದ್ದರು. ಕಾರ್ನಾಡರು 2019ರಲ್ಲಿ ತೀರಿಕೊಂಡರು. ಸಣ್ಣ ಊರುಗಳಿಗೆ ದೂರದರ್ಶನವೇ ಆಸರೆಯಾಗಿದ್ದ ಆ ದಿನಗಳಲ್ಲಿ, ವಿಜ್ಞಾನ ಪಠ್ಯಪುಸ್ತಕ ಬಿಟ್ಟು ನಡುಮನೆಗೆ ಬಂದದ್ದು ಹೀಗೆ.