ವರ್ಗಾವಣೆ ವಿವಾದಗಳಲ್ಲಿ ವಿಳಂಬ

ಸರ್ಕಾರಿ ನೌಕರರು ವರ್ಗಾವಣೆಗೆ ಸಂಬಂಧಿಸಿದ ತಮ್ಮ ಅಹವಾಲನ್ನು ಸಕಾಲದಲ್ಲಿ ನ್ಯಾಯಮಂಡಳಿ ಅಥವಾ ನ್ಯಾಯಾಲಯದ ಮುಂದೆ ಇಡದಿದ್ದಾಗ ಉಂಟಾಗುವ ಕಾನೂನು ಪರಿಣಾಮವನ್ನು ವರ್ಗಾವಣೆ ವಿವಾದಗಳಲ್ಲಿನ ವಿಳಂಬ ಎನ್ನಲಾಗುತ್ತದೆ. ಅಹವಾಲಿನಲ್ಲಿ ಹುರುಳಿದ್ದರೂ ತಡವಾಗಿ ಬಂದ ಅರ್ಜಿಯು ಆ ಒಂದೇ ಕಾರಣಕ್ಕೆ ವಜಾ ಆಗಬಹುದು.

ಹಿನ್ನೆಲೆ

ವರ್ಗಾವಣೆಯು ಸರ್ಕಾರಿ ಸೇವೆಯ ಸಹಜ ಅಂಗವಾಗಿದೆ. ವರ್ಗಾವಣೆಗೆ ಒಳಪಡುವ ಹುದ್ದೆಯಲ್ಲಿರುವ ನೌಕರನಿಗೆ ಒಂದೇ ಸ್ಥಳದಲ್ಲಿ ಮುಂದುವರಿಯುವ ಹಕ್ಕಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು ಶಿಲ್ಪಿ ಬೋಸ್ ಪ್ರಕರಣದಲ್ಲಿ (1991) ಹೇಳಿದೆ. ಆದೇಶದ ಹಿಂದೆ ದುರುದ್ದೇಶವಿದ್ದಾಗ ಅಥವಾ ಶಾಸನಬದ್ಧ ನಿಯಮದ ಉಲ್ಲಂಘನೆಯಾದಾಗ ಮಾತ್ರ ನ್ಯಾಯಾಲಯವು ಮಧ್ಯೆ ಪ್ರವೇಶಿಸುತ್ತದೆ ಎಂಬುದು ಎಸ್. ಎಲ್. ಅಬ್ಬಾಸ್ ಪ್ರಕರಣದ (1993) ತೀರ್ಪು. ಹಸ್ತಕ್ಷೇಪದ ಅವಕಾಶವೇ ಹೀಗೆ ಕಿರಿದಾಗಿರುವುದರಿಂದ ವಿಳಂಬವು ನೌಕರನ ಸ್ಥಿತಿಯನ್ನು ಮತ್ತಷ್ಟು ದುರ್ಬಲಗೊಳಿಸುತ್ತದೆ.

ಕಾಲಮಿತಿ

ಕರ್ನಾಟಕದ ರಾಜ್ಯ ಸರ್ಕಾರಿ ನೌಕರರು ಸೇವಾ ವಿಷಯಗಳಲ್ಲಿ ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಅದರ ತೀರ್ಪನ್ನು ಉಚ್ಚ ನ್ಯಾಯಾಲಯದ ವಿಭಾಗೀಯ ಪೀಠದಲ್ಲಿ ಪ್ರಶ್ನಿಸಬಹುದೆಂದು ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ (1997) ನಿರ್ಣಯವಾಗಿದೆ.

1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದ 20ನೇ ಪ್ರಕರಣದಂತೆ, ಇಲಾಖೆಯೊಳಗೆ ಲಭ್ಯವಿರುವ ಪರಿಹಾರ ಮಾರ್ಗಗಳನ್ನು ಸಾಮಾನ್ಯವಾಗಿ ಮೊದಲು ಬಳಸಿರಬೇಕು. 21ನೇ ಪ್ರಕರಣದಂತೆ, ಅಂತಿಮ ಆದೇಶವಾದ ದಿನದಿಂದ 1 ವರ್ಷದೊಳಗೆ ಅರ್ಜಿ ಸಲ್ಲಿಸಬೇಕು. ನಿಯಮಾನುಸಾರ ಸಲ್ಲಿಸಿದ ಮೇಲ್ಮನವಿ ಅಥವಾ ಮನವಿಗೆ 6 ತಿಂಗಳವರೆಗೆ ಉತ್ತರ ಬಾರದಿದ್ದರೆ, ಆ ಅವಧಿ ಮುಗಿದ ಬಳಿಕ 1 ವರ್ಷದ ಕಾಲಾವಕಾಶವಿರುತ್ತದೆ.

ಉದಾಹರಣೆಗೆ, ಅಫಜಲಪುರ ತಾಲ್ಲೂಕಿನ ಗಾಣಗಾಪುರದ ಸರ್ಕಾರಿ ಶಾಲೆಯ ಶಿಕ್ಷಕಿಯೊಬ್ಬರು 2023ರ ಜೂನ್ 10ರಂದು ಇಂತಹ ಮನವಿ ಸಲ್ಲಿಸಿದರೆಂದು ಭಾವಿಸೋಣ. ಉತ್ತರ ಬಾರದಿದ್ದಲ್ಲಿ ಡಿಸೆಂಬರ್ 10ಕ್ಕೆ 6 ತಿಂಗಳು ಮುಗಿಯುತ್ತದೆ. ಅರ್ಜಿ ಸಲ್ಲಿಸುವ ಕಾಲಮಿತಿ 2024ರ ಡಿಸೆಂಬರ್ 10ರ ಸುಮಾರಿಗೆ ತೀರುತ್ತದೆ.

ಮೇಲಿಂದ ಮೇಲೆ ಮನವಿ

ಮನವಿಯನ್ನು ಮತ್ತೆ ಮತ್ತೆ ಸಲ್ಲಿಸುತ್ತಿದ್ದರೆ ಹಕ್ಕು ಜೀವಂತವಾಗಿರುತ್ತದೆ ಎಂಬ ನಂಬಿಕೆ ನೌಕರರಲ್ಲಿ ವ್ಯಾಪಕವಾಗಿದೆ. ಇದು ಸರಿಯಲ್ಲ. ಹಳತಾದ ಬೇಡಿಕೆಯ ಮನವಿಗೆ ಇಲಾಖೆಯು ಹಿಂಬರಹ ನೀಡಿದ ಮಾತ್ರಕ್ಕೆ ಹೊಸ ವ್ಯಾಜ್ಯಕಾರಣ ಹುಟ್ಟುವುದಿಲ್ಲ ಎಂದು ಸಿ. ಜೇಕಬ್ ಪ್ರಕರಣದಲ್ಲಿ (2008) ಸರ್ವೋಚ್ಚ ನ್ಯಾಯಾಲಯವು ಸ್ಪಷ್ಟಪಡಿಸಿದೆ.

ಮನವಿ ಬಾಕಿಯಿದೆ ಎಂಬ ಕಾರಣದಿಂದ ಹೊಸ ಸ್ಥಳದಲ್ಲಿ ಕರ್ತವ್ಯಕ್ಕೆ ಹಾಜರಾಗದಿರುವುದೂ ಅಪಾಯಕರ. ತಡೆಯಾಜ್ಞೆ ಇಲ್ಲದಿದ್ದರೆ ಆದೇಶವನ್ನು ಪಾಲಿಸಲೇಬೇಕು, ಪಾಲಿಸದವರು ಶಿಸ್ತುಕ್ರಮಕ್ಕೆ ಗುರಿಯಾಗಬಹುದು ಎಂದು ಗುಜರಾತ್ ವಿದ್ಯುಚ್ಛಕ್ತಿ ಮಂಡಳಿಯ ಪ್ರಕರಣದಲ್ಲಿ (1989) ತೀರ್ಪು ಬಂದಿದೆ.

ಇತರರ ಹಿತಾಸಕ್ತಿ

ಪಿಂಚಣಿಯಂತಹ ವಿಷಯಗಳಲ್ಲಿ ತಪ್ಪು ಪ್ರತಿ ತಿಂಗಳೂ ಮುಂದುವರಿಯುವುದರಿಂದ ವಿಳಂಬವಾದರೂ ಪರಿಹಾರ ದೊರೆಯಬಹುದು; ಆದರೆ ಇತರರ ಸ್ಥಿರಗೊಂಡ ಹಕ್ಕುಗಳಿಗೆ ಧಕ್ಕೆಯಾಗುವಲ್ಲಿ ಹಾಗಾಗದು ಎಂದು ತರ್ಸೇಮ್ ಸಿಂಗ್ ಪ್ರಕರಣವು (2008) ವಿವರಿಸುತ್ತದೆ. ವರ್ಗಾವಣೆಗೆ ಈ ವಿವೇಚನೆ ಮುಖ್ಯವಾದುದು. ಕೌನ್ಸೆಲಿಂಗ್‌ನಲ್ಲಿ ಒಬ್ಬರು ಬಿಟ್ಟ ಹುದ್ದೆಗೆ ಇನ್ನೊಬ್ಬರು, ಅವರು ಬಿಟ್ಟ ಹುದ್ದೆಗೆ ಮತ್ತೊಬ್ಬರು ಬರುತ್ತಾರೆ. ಹೊಸಬರು ಮನೆ ಮಾಡಿ, ಮಕ್ಕಳನ್ನು ಶಾಲೆಗೆ ಸೇರಿಸಿದ ಮೇಲೆ ಹಳೆಯ ಆದೇಶವನ್ನು ರದ್ದುಪಡಿಸಿದರೆ ಇಡೀ ಸರಪಳಿಯೇ ಕದಲುತ್ತದೆ. ಆದ್ದರಿಂದ ಶಾಸನದ 1 ವರ್ಷ ಮುಗಿಯುವ ಮೊದಲೇ ಪರಿಹಾರವು ಕೈತಪ್ಪುವ ಸಾಧ್ಯತೆಯಿರುತ್ತದೆ.

ವಿಳಂಬ ಮನ್ನಾ

ಸಾಕಷ್ಟು ಕಾರಣವಿದ್ದಲ್ಲಿ ವಿಳಂಬವನ್ನು ಮನ್ನಿಸುವ ಅಧಿಕಾರ 21ನೇ ಪ್ರಕರಣದಲ್ಲಿಯೇ ಇದೆ. ತೀವ್ರ ಅನಾರೋಗ್ಯ, ಆದೇಶದ ಪ್ರತಿ ತಡವಾಗಿ ತಲುಪಿದ್ದು ಮುಂತಾದ ಕಾರಣಗಳನ್ನು ದಾಖಲೆ ಸಹಿತ ನಿರೂಪಿಸಬೇಕಾಗುತ್ತದೆ. ವರ್ಗಾವಣೆ ಆದೇಶ, ಬಿಡುಗಡೆ ಪತ್ರ, ಮನವಿಯ ಸ್ವೀಕೃತಿ ಹಾಗೂ ಹಿಂಬರಹಗಳ ದಿನಾಂಕಗಳು ಇಲ್ಲಿ ನಿರ್ಣಾಯಕ.

ಕಲಬುರಗಿ ಭಾಗ

ಕಲಬುರಗಿಯಲ್ಲಿ ಉಚ್ಚ ನ್ಯಾಯಾಲಯದ ಸಂಚಾರಿ ಪೀಠವು 2008ರಲ್ಲಿ ಆರಂಭವಾಗಿ 2013ರಲ್ಲಿ ಕಾಯಂ ಆಯಿತು. ಆಡಳಿತ ನ್ಯಾಯಮಂಡಳಿಯ ಪೀಠವೂ ಅಲ್ಲಿದೆ. ಹಿಂದೆ ಬೆಂಗಳೂರಿನವರೆಗೆ ಹೋಗಬೇಕಾಗಿದ್ದ ಅಫಜಲಪುರ, ಆಳಂದ, ಜೇವರ್ಗಿ ತಾಲ್ಲೂಕುಗಳ ನೌಕರರಿಗೆ ಇದರಿಂದ ಅನುಕೂಲವಾಗಿದೆ. ಅದರೊಡನೆ, ದೂರದ ಕಾರಣದಿಂದ ತಡವಾಯಿತೆಂಬ ಸಮಜಾಯಿಷಿಯ ಬಲವೂ ಕುಗ್ಗಿದೆ.