ಸೌದೆಯ ಕರೆಂಟು

ಕುಣಿಗಲ್ ತಾಲ್ಲೂಕಿನ ಹೊಸಹಳ್ಳಿಯಲ್ಲಿ ವಿದ್ಯುತ್ ದೀಪ ಹೊತ್ತಿದ್ದು 1988ರಲ್ಲಿ, ಸೌದೆಯಿಂದ. ಸರ್ಕಾರದ ಲೈನು ಆಗಿನ್ನೂ ಆ ಊರನ್ನು ಮುಟ್ಟಿರಲಿಲ್ಲ. ಸುಮಾರು 35 ಮನೆಗಳ ಊರು. ಅಲ್ಲಿ ಕೂರಿಸಿದ ಯಂತ್ರದ ಸಾಮರ್ಥ್ಯ 3.7 ಕಿಲೋವಾಟ್, ಅಂದರೆ ಐದು ಎಚ್‌ಪಿಯ ಒಂದು ಪಂಪ್‌ಸೆಟ್ ಎಳೆಯುವಷ್ಟು. ಮುಂದೆ ಅದನ್ನು 20 ಕಿಲೋವಾಟಿಗೆ ಏರಿಸಿದರು. ಮನೆದೀಪ, ನಲ್ಲಿ ನೀರು, ಹಿಟ್ಟಿನ ಗಿರಣಿ, ಹೊಲಕ್ಕೆ ನೀರು ಇಷ್ಟೂ ಅದರಿಂದಲೇ ನಡೆದವು. 2004ರ ಹೊತ್ತಿಗೆ ಹದಿನಾಲ್ಕು ವರ್ಷಕ್ಕೂ ಮೀರಿದ ಓಟ ಅದರ ಲೆಕ್ಕದಲ್ಲಿತ್ತು. ವಿದ್ಯುತ್ ಕೇಂದ್ರವೆಂದರೆ ಅಣೆಕಟ್ಟೆ, ಇಲ್ಲವೇ ರಾಯಚೂರಿನ ಎತ್ತರದ ಚಿಮಣಿ ಎಂದು ತಿಳಿದಿದ್ದ ನಾಡಿನಲ್ಲಿ ಇದು ಸಣ್ಣ ಸಾಧನೆಯಲ್ಲ.

ಇದರ ಹಿಂದೆ ನಿಂತದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ, ನಮ್ಮ ಜನ ಕರೆಯುವ ಟಾಟಾ ಇನ್‌ಸ್ಟಿಟ್ಯೂಟ್. ಎಲೆಕ್ಟ್ರೋಕೆಮಿಸ್ಟ್ರಿಯಲ್ಲಿ ದೊಡ್ಡ ಹೆಸರು ಮಾಡಿದ್ದ ಅಮೂಲ್ಯ ರೆಡ್ಡಿಯವರು 1974ರಲ್ಲಿ ಅಲ್ಲಿ ‘ಅಸ್ತ್ರ’ ಎಂಬ ಗುಂಪು ಕಟ್ಟಿದರು. ಹಳ್ಳಿಯ ಕೆಲಸಕ್ಕೆ ವಿಜ್ಞಾನವನ್ನು ಹಚ್ಚುವುದು ಅದರ ಉದ್ದೇಶ. ಹೊಗೆ ಕಡಿಮೆ ಮಾಡುವ ಅಸ್ತ್ರ ಒಲೆಯನ್ನು ಕೆಲವು ಮನೆಗಳಲ್ಲಿ ಈಗಲೂ ನೆನೆಯುತ್ತಾರೆ. ಕುಣಿಗಲ್ ಸೀಮೆಯ ಉಂಗ್ರದಲ್ಲಿ ಗುಂಪಿನ ಕ್ಷೇತ್ರ ಕೇಂದ್ರವಿತ್ತು. ಅದೇ ಸೀಮೆಯ ಪುರ ಎಂಬ ಹಳ್ಳಿಯಲ್ಲಿ ಅವರು ಮೊದಲ ದೊಡ್ಡ ಪಾಠ ಕಲಿತರು. ಊರಿಗೆಲ್ಲ ಒಂದೇ ಗೋಬರ್ ಗ್ಯಾಸ್ ಘಟಕ ಕಟ್ಟಿ, ಮನೆಮನೆಗೆ ಅಡುಗೆ ಅನಿಲ ಕೊಡಲು ಹೊರಟರು. ಅನಿಲ ಸಾಲಲಿಲ್ಲ, ಯೋಜನೆ ನಿಂತಿತು. ಪುಳ್ಳೆ ಸೌದೆ ಹೇಗೋ ಸಿಗುತ್ತಿದ್ದ ಹೆಂಗಸರಿಗೆ ಅಡುಗೆ ಅನಿಲಕ್ಕಿಂತ ಕುಡಿಯುವ ನೀರು ಮುಖ್ಯವಾಗಿತ್ತು. 1987ರಲ್ಲಿ ಅದೇ ಅನಿಲದಿಂದ ಎಂಜಿನ್ ಓಡಿಸಿ ನೀರೆತ್ತಿದರು, ದೀಪ ಹಚ್ಚಿದರು. ಸಗಣಿ ತಂದುಹಾಕಿದವರಿಗೆ ತೂಕದ ಮೇಲೆ ಕಾಸು, ಗೊಬ್ಬರವಾಗಿ ಬಗ್ಗಡವೂ ವಾಪಸು. ಆಮೇಲೆ ಘಟಕ ವರ್ಷಗಟ್ಟಲೆ ನಡೆಯಿತು. ಜನರಿಗೆ ಬೇಕಾದದ್ದು ಏನು, ಇಂಧನ ತಂದವರ ಕೈಗೆ ಸಿಗುವುದು ಏನು, ಈ ಎರಡು ಪ್ರಶ್ನೆಗಳಿಗೆ ಉತ್ತರ ಸಿಕ್ಕಮೇಲೆಯೇ ಯಂತ್ರದ ಮಾತು ಎಂಬುದು ಅಲ್ಲಿ ಖಚಿತವಾಯಿತು.

ಹೊಸಹಳ್ಳಿಯ ಯಂತ್ರದ ಹೆಸರು ಗ್ಯಾಸಿಫೈಯರ್. ಇದನ್ನು ಪಳಗಿಸಿದವರು ಏರೋಸ್ಪೇಸ್ ವಿಭಾಗದಲ್ಲಿ ದಹನಕ್ರಿಯೆ ಅಧ್ಯಯನ ಮಾಡುತ್ತಿದ್ದ ಎಚ್.ಎಸ್. ಮುಕುಂದ ಮತ್ತು ಅವರ ಸಂಗಡಿಗರು. ರಾಕೆಟ್ಟಿನ ಬೆಂಕಿ ಬಲ್ಲವರು ಸೌದೆಯ ಬೆಂಕಿಗೆ ಬಂದರು ಎಂಬುದು ನನಗೆ ಬಹಳ ಪ್ರಿಯವಾದ ಸಂಗತಿ, ಏಕೆಂದರೆ ಸೌದೆಯ ಬೆಂಕಿ ಸುಲಭದ್ದಲ್ಲ. ಒಲೆಯಲ್ಲಿ ನಾವು ಕಾಣುವ ಜ್ವಾಲೆ ಬಹುಪಾಲು ಕಟ್ಟಿಗೆಯದಲ್ಲ. ಕಾವಿಗೆ ಕಟ್ಟಿಗೆಯಿಂದ ಹೊರಟ ಅನಿಲದ್ದು. ಆ ಅನಿಲಕ್ಕೆ ಬೇಕಾದಷ್ಟು ಗಾಳಿ ಸಿಗದಂತೆ ಮಾಡಿದರೆ ಅದು ಪೂರ್ತಿ ಉರಿಯದೆ ಉಳಿಯುತ್ತದೆ. ಎತ್ತರದ ಕೊಳವೆಯಂಥ ಪಾತ್ರೆಗೆ ಮೇಲಿನಿಂದ ಸೌದೆ ತುಂಡು ಸುರಿದು, ಅಳೆದಷ್ಟೇ ಗಾಳಿ ಬಿಡುತ್ತಾರೆ. ಮೇಲಿನ ಪದರದಲ್ಲಿ ಸೌದೆ ಒಣಗುತ್ತದೆ. ಅದರ ಕೆಳಗೆ ಕಾವಿಗೆ ಒಡೆದು ಅನಿಲ, ಟಾರ್ ಮತ್ತು ಇದ್ದಿಲಾಗುತ್ತದೆ. ಇನ್ನೂ ಕೆಳಗೆ ಸಾವಿರ ಡಿಗ್ರಿ ಮುಟ್ಟುವ ಉರಿ. ಆ ಉರಿಯ ಹೊಗೆ ಕೆಂಡದ ಹಾಸಿನ ಮೂಲಕ ಹಾಯುವಾಗ ಇಂಗಾಲದ ಡೈಆಕ್ಸೈಡ್ ಮತ್ತು ನೀರಾವಿ ಕೆಂಡದೊಡನೆ ಬೆರೆತು ಮತ್ತೆ ಉರಿಯಬಲ್ಲ ಅನಿಲಗಳಾಗಿ ಬದಲಾಗುತ್ತವೆ. ಕೊನೆಗೆ ಸಿಗುವುದರಲ್ಲಿ ನೂರಕ್ಕೆ ಸುಮಾರು 20 ಭಾಗ ಕಾರ್ಬನ್ ಮಾನಾಕ್ಸೈಡ್, ಹೆಚ್ಚುಕಡಿಮೆ ಅಷ್ಟೇ ಹೈಡ್ರೋಜನ್, ಒಂದಿಷ್ಟು ಮೀಥೇನ್. ಉಳಿದದ್ದರಲ್ಲಿ ಉರಿಯದ ನೈಟ್ರೋಜನ್ನಿನದೇ ದೊಡ್ಡ ಪಾಲು. ಇದು ಪ್ರೊಡ್ಯೂಸರ್ ಗ್ಯಾಸ್. ಎರಡನೇ ಮಹಾಯುದ್ಧದಲ್ಲಿ ಪೆಟ್ರೋಲಿಗೆ ಬರ ಬಂದಾಗ ನಮ್ಮ ರಸ್ತೆಗಳಲ್ಲಿ ಬೆನ್ನಿಗೆ ಡ್ರಮ್ಮು ಕಟ್ಟಿಕೊಂಡು ಓಡಿದ ಇದ್ದಿಲು ಬಸ್ಸುಗಳು ಕುಡಿದದ್ದೂ ಇದೇ ಬಗೆಯ ಅನಿಲವನ್ನು.

ಕಷ್ಟವೆಲ್ಲ ಟಾರಿನದು. ಒಲೆಯ ಮೇಲಿನ ತೊಲೆಗೆ ಅಂಟುವ ಇಲ್ಲಣದ ಹಾಗೆ ಅದು ಎಂಜಿನ್ನಿನ ವಾಲ್ವಿಗೆ ಅಂಟಿಕೊಳ್ಳುತ್ತದೆ; ಒಮ್ಮೆ ಕಟ್ಟಿತೆಂದರೆ ಎಂಜಿನ್ ಬಿಚ್ಚಲೇಬೇಕು. ಬೆಂಗಳೂರಿನ ವಿನ್ಯಾಸದ ಹೆಚ್ಚುಗಾರಿಕೆ ಇರುವುದು ಇಲ್ಲಿ. ಪಾತ್ರೆಯ ಬಾಯಿ ತೆರೆದಿಟ್ಟು ಮೇಲಿನಿಂದಲೂ ಪಕ್ಕದ ನಳಿಗೆಗಳಿಂದಲೂ ಗಾಳಿ ಬಿಟ್ಟರು. ಉರಿಯ ಪದರ ದಪ್ಪವಾಗಿ, ಟಾರಿನ ಬಹುಭಾಗ ಒಳಗೇ ಸುಟ್ಟು ಒಡೆಯಿತು. ಆಮೇಲೆ ಅನಿಲವನ್ನು ತಣಿಸಿ, ತೊಳೆದು, ಸೋಸಿ ಎಂಜಿನ್ನಿಗೆ ಕೊಟ್ಟರು. ಶುರುವಿನಲ್ಲಿ ಡೀಸೆಲ್ ಎಂಜಿನ್ನಿಗೇ ಈ ಅನಿಲ ಬೆರೆಸಿ ಡೀಸೆಲಿನ ಬಹುಪಾಲು ಉಳಿಸುತ್ತಿದ್ದರು. ಬರಬರುತ್ತ ಹನಿ ಡೀಸೆಲೂ ಬೇಡದ ಗ್ಯಾಸ್ ಎಂಜಿನ್ ಬಂದವು. ಕಾರ್ಬನ್ ಮಾನಾಕ್ಸೈಡಿಗೆ ವಾಸನೆಯಿಲ್ಲ, ಅದು ಜೀವ ತೆಗೆಯುವ ವಿಷ. ಹಾಗಾಗಿ ಗಾಳಿಯಾಡುವ ಶೆಡ್ಡು, ಸೋರದ ಕೊಳವೆ, ತರಬೇತಾದ ಕೈ ಇಲ್ಲದೆ ಇದನ್ನು ನಡೆಸುವಂತಿಲ್ಲ.

ಎನ್.ಎಚ್. ರವೀಂದ್ರನಾಥ್, ಎಸ್. ದಾಸಪ್ಪ ಮುಂತಾದವರು 2004ರಲ್ಲಿ ಪ್ರಕಟಿಸಿದ ಹೊಸಹಳ್ಳಿಯ ಲೆಕ್ಕದಲ್ಲಿ ಎರಡು ಅಂಕಿಗಳಿವೆ. ಐದು ಕಿಲೋವಾಟ್ ಹೊರೆಯಲ್ಲಿ ಓಡಿಸಿದರೆ ಇಂಧನ ಮತ್ತು ನಿರ್ವಹಣೆಗೆ ಯೂನಿಟ್ಟಿಗೆ 5.85 ರೂಪಾಯಿ, ಪೂರ್ತಿ ಇಪ್ಪತ್ತು ಕಿಲೋವಾಟಿನಲ್ಲಿ 3.34 ರೂಪಾಯಿ. ಸೌದೆ ಸೀಳಿ ಯಂತ್ರ ಕಾಯುವವನ ಕೂಲಿ ಎರಡಕ್ಕೂ ಒಂದೇ ತಾನೆ. ಸಂಜೆ ನಾಲ್ಕು ತಾಸು ದೀಪ ಮಾತ್ರ ಉರಿಸುವ ಊರಿಗೆ ಸೌದೆ ಕರೆಂಟು ದುಬಾರಿ; ಹಗಲು ಗಿರಣಿ, ಪಂಪು ಓಡಿಸುವ ಊರಿಗೆ ಅಗ್ಗ. ಹಿಂದಿನ ಆರು ವರ್ಷಗಳಲ್ಲಿ ನೂರಕ್ಕೆ 85ಕ್ಕೂ ಹೆಚ್ಚು ದಿನ ದೀಪ, ನೀರು ತಪ್ಪಿರಲಿಲ್ಲವೆಂದೂ ಅವರು ದಾಖಲಿಸಿದ್ದಾರೆ. ಆ ಕಾಲದ ಹಳ್ಳಿ ಫೀಡರುಗಳನ್ನು ಕಂಡವರಿಗೆ ಇದರ ಬೆಲೆ ಗೊತ್ತು. ಸೌದೆಗೆಂದೇ ಊರಿನಲ್ಲಿ ಮರ ಬೆಳೆಸಿದ್ದರು, ದೀಪಕ್ಕೂ ನಲ್ಲಿಗೂ ಜನ ತಿಂಗಳ ಶುಲ್ಕ ಕೊಡುತ್ತಿದ್ದರು.

ಇದು ಒಂದು ಊರಿನ ಮಾತಾಯಿತು. ಸೌದೆ, ಸಿಪ್ಪೆ, ತರಗಿನಂಥ ಬಯೋಮಾಸ್‌ನಿಂದ ದೊಡ್ಡ ಪ್ರಮಾಣದ ವಿದ್ಯುತ್ತು ನಮ್ಮ ರಾಜ್ಯದಲ್ಲಿ ಬರುವುದು ಸಕ್ಕರೆ ಕಾರ್ಖಾನೆಗಳಿಂದ. ಅರೆದ ಕಬ್ಬಿನ ತೂಕದಲ್ಲಿ ಮೂರನೇ ಒಂದರಷ್ಟು ಸಿಪ್ಪೆಯಾಗಿ ಉಳಿಯುತ್ತದೆ, ಅದರಲ್ಲಿ ಅರ್ಧ ನೀರು. ಹಿಂದೆ ಕಡಿಮೆ ಒತ್ತಡದ ಬಾಯ್ಲರುಗಳಲ್ಲಿ ಅದನ್ನು ಖಾಲಿಯಾದರೆ ಸಾಕೆಂದು ಸುಡುತ್ತಿದ್ದರು. ಹಳೆಯ ಬಾಯ್ಲರು ಚದರ ಸೆಂಟಿಮೀಟರಿಗೆ ಇಪ್ಪತ್ತು ಕಿಲೋ ಚಿಲ್ಲರೆ ಒತ್ತಡದ್ದು. ಹೊಸವು 67, 87, 110 ಕಿಲೋ ಒತ್ತಡದವು. ಹಬೆ ಮೊದಲು ಟರ್ಬೈನ್ ತಿರುಗಿಸುತ್ತದೆ, ಆಮೇಲೆ ಅದೇ ಹಬೆ ಕಬ್ಬಿನ ಹಾಲು ಕಾಯಿಸುತ್ತದೆ. ಕಾರ್ಖಾನೆಗೆ ಬೇಕಾದ್ದು ಮುಗಿದು ಮಿಕ್ಕದ್ದು ಗ್ರಿಡ್ಡಿಗೆ. ಇಂಧನ ಕಾರ್ಖಾನೆಯ ಬಾಗಿಲಿಗೇ ಬಂದುಬೀಳುತ್ತದೆ, ತಂದ ಖರ್ಚು ಸಕ್ಕರೆಯ ಲೆಕ್ಕಕ್ಕೆ ಹೋಗಿರುತ್ತದೆ. ಬೆಳಗಾವಿ, ಬಾಗಲಕೋಟೆಗಳ ಕಡೆ ಇದು ಗೆದ್ದಿರುವುದಕ್ಕೆ ಇಷ್ಟೇ ಕಾರಣ. ಕಬ್ಬು ಅರೆಯುವ ಹಂಗಾಮು ಮುಗಿದರೆ ಸಿಪ್ಪೆಯ ರಾಶಿ ಇರುವತನಕ ಅಷ್ಟೆ.

ಮಂಡ್ಯ ಜಿಲ್ಲೆಯ ಮಳವಳ್ಳಿಯಲ್ಲಿ 2001ರಲ್ಲಿ ಶುರುವಾದ 4.5 ಮೆಗಾವಾಟ್ ಕೇಂದ್ರ ಇನ್ನೂ ಕಠಿಣವಾದ ದಾರಿ ಹಿಡಿಯಿತು. ರೈತರು ಗದ್ದೆಯಲ್ಲೇ ಬೆಂಕಿ ಇಡುತ್ತಿದ್ದ ಕಬ್ಬಿನ ತರಗು, ತೆಂಗಿನ ಗರಿಯಂಥ ಹಗುರ ಇಂಧನ ಅದಕ್ಕೆ. ಲಾರಿ ತುಂಬಿದರೂ ತೂಕ ಬಾರದ ಸರಕಿದು. ಹರಡಿದ ತರಗನ್ನು ಒಟ್ಟುಮಾಡುವುದು, ಒತ್ತಿ ಕಟ್ಟುವುದು, ಮಳೆಗಾಲಕ್ಕೆ ಮುಂಚೆ ಕೂಡಿಡುವುದು, ಎಲ್ಲವೂ ಕೂಲಿಯ ಮೇಲೆ ನಿಂತ ಕೆಲಸ. ಇಂಥ ಕೇಂದ್ರಕ್ಕೆ ಎಂಜಿನಿಯರಿನಷ್ಟೇ ಮುಖ್ಯ ಹಳ್ಳಿಹಳ್ಳಿ ಸುತ್ತಿ ತರಗು ಕೊಳ್ಳುವ ಮನುಷ್ಯ.

ಹೊಸಹಳ್ಳಿಯ ಅನುಭವವನ್ನು ಹಿಗ್ಗಿಸಲು ಹೊರಟದ್ದು ತುಮಕೂರು ಜಿಲ್ಲೆಯ ‘ಬೇರಿ’ ಯೋಜನೆ. ವಿಶ್ವಸಂಸ್ಥೆಯ ಅಭಿವೃದ್ಧಿ ಕಾರ್ಯಕ್ರಮದ ನೆರವು, ರಾಜ್ಯ ಸರ್ಕಾರದ ಹಣ, ವಿಜ್ಞಾನ ಸಂಸ್ಥೆಯ ತಂತ್ರಜ್ಞಾನ. ಕಬ್ಬಿಗೆರೆಯಲ್ಲಿ ಗ್ಯಾಸಿಫೈಯರ್ ಕೇಂದ್ರ ಕಟ್ಟಿ ಅದರ ವಿದ್ಯುತ್ತನ್ನು ಗ್ರಿಡ್ಡಿಗೆ ಸೇರಿಸಿದರು. ಅಲ್ಲಿನ 100 ಕಿಲೋವಾಟ್ ಯಂತ್ರವೊಂದರ ಸಾವಿರ ಗಂಟೆಗಳ ಓಟವನ್ನು ದಾಸಪ್ಪನವರ ತಂಡ ಅಳೆದಿದೆ: ಯೂನಿಟ್ಟಿಗೆ 1.36 ಕಿಲೋ ಸೌದೆ. ಇದನ್ನು ಬಿಡಿಸಿ ನೋಡಬೇಕು. ಇಂಥ ಒಂದು ಯಂತ್ರ ಹಗಲಿರುಳು ಓಡಿದರೆ ದಿನಕ್ಕೆ ಎರಡೂವರೆ ಟನ್ನಿಗೂ ಹೆಚ್ಚು ಸೌದೆ ಬೇಕು. ಹಸಿ ಸೌದೆ ನಡೆಯದು. ನೀರಿನಂಶ ಹದಿನೈದು ಪರ್ಸೆಂಟಿನ ಆಸುಪಾಸಿಗೆ ಇಳಿದಿರಬೇಕು. ಉದ್ದ ಕೊರಡೂ ನಡೆಯದು, ಸಣ್ಣ ತುಂಡೇ ಆಗಬೇಕು. ಕಡಿಯುವವರು, ಸೀಳುವವರು, ಒಣಹಾಕುವವರು, ಮಳೆ ಬಂದರೆ ಮುಚ್ಚುವವರು ದಿನವೂ ಇರಬೇಕು.

ಹೀಗಾಗಿ ಸೌದೆ ಕರೆಂಟಿನ ಬೆಲೆಯಲ್ಲಿ ಬಹುಪಾಲು ಹಳ್ಳಿಯ ಕೂಲಿ ಮತ್ತು ರೈತನ ಸೌದೆಯ ದುಡ್ಡು. ಬಿಸಿಲು ಗಾಳಿಗಳ ವಿದ್ಯುತ್ತಿನ ಪಕ್ಕದಲ್ಲಿಟ್ಟು ಇದು ದುಬಾರಿ ಎನ್ನುವವರು ಆ ದುಡ್ಡು ಯಾರ ಜೇಬಿಗೆ ಹೋಗುತ್ತದೆಂದು ಎಣಿಸುವುದಿಲ್ಲ. ಕಲ್ಲಿದ್ದಲಿಗೆ ಕೊಟ್ಟದ್ದು ತಾಲ್ಲೂಕು ದಾಟಿ ಹೋಗುತ್ತದೆ, ಸೌದೆಗೆ ಕೊಟ್ಟದ್ದು ಸಂತೆಯಲ್ಲಿ ಖರ್ಚಾಗುತ್ತದೆ. ಖರೀದಿ ದರ ಗೊತ್ತುಮಾಡುವವರು ಇದನ್ನು ಲೆಕ್ಕಕ್ಕೆ ಹಿಡಿಯಬೇಕು ಎಂಬುದು ನನ್ನ ಗಟ್ಟಿ ನಿಲುವು. ಹಾಗೆಂದು ಕೆರೆಯಂಗಳದಲ್ಲೆಲ್ಲ ನೀಲಗಿರಿ ನೆಡಿ ಎನ್ನಲಾರೆ. ಕಡಿದಷ್ಟು ಮತ್ತೆ ಬೆಳೆದರೆ ಮಾತ್ರ ಹೊಗೆಯ ಇಂಗಾಲ ಮರಕ್ಕೆ ಮರಳುತ್ತದೆ. ಬಡವರ ಒಲೆಗೆ ಹೋಗುವ ಪುಳ್ಳೆಯನ್ನು ಯಂತ್ರ ಕಸಿಯಬಾರದು. ಬೂದಿ ಹೊಲಕ್ಕೆ ಹೋಗಬೇಕು. ಬೇಲಿಯ ಹೊಂಗೆ, ಗ್ಲಿರಿಸಿಡಿಯ, ಬದುವಿನ ಮರಗಳ ರೆಂಬೆ, ತೆಂಗಿನ ಮಟ್ಟೆ, ಜಾಲಿ ಇವುಗಳಿಂದ ನಡೆಯುವಷ್ಟು ಚಿಕ್ಕದಾಗಿದ್ದರೆ ಕೇಂದ್ರ ಬಾಳುತ್ತದೆ.

ಗ್ರಿಡ್ಡಿಗೆ ಸೇರಿದ ಇಂಥ ಸಣ್ಣ ಕೇಂದ್ರಗಳದು ಇನ್ನೊಂದು ಕಷ್ಟವಿದೆ, ಅದನ್ನು ಸರಿಪಡಿಸುವುದು ಕೈಮೀರಿದ ಕೆಲಸವಲ್ಲ. ಹಳ್ಳಿಯ 11 ಕೆ.ವಿ. ಲೈನ್ ಸತ್ತಾಗ ಅದಕ್ಕೆ ಜೋಡಿಸಿದ ಯಂತ್ರವೂ ನಿಲ್ಲಬೇಕು, ಇಲ್ಲದಿದ್ದರೆ ಕಂಬದ ಮೇಲಿರುವ ಲೈನ್‌ಮನ್ ಜೀವಕ್ಕೆ ಅಪಾಯ. ಒಳಗೆ ಕೆಂಡ ನಿಗಿನಿಗಿ ಇರುತ್ತದೆ, ಅಂಗಳದಲ್ಲಿ ಒಣಸೌದೆ ಇರುತ್ತದೆ, ಊರು ಮಾತ್ರ ಕತ್ತಲಲ್ಲಿರುತ್ತದೆ. ಊರಿನ ಫೀಡರನ್ನು ಮುಖ್ಯ ಲೈನಿನಿಂದ ಬೇರ್ಪಡಿಸುವ ಸ್ವಿಚ್‌ಗೇರ್ ಹಾಕಿ, ಅದನ್ನು ಬಳಸುವ ನಿಯಮ ಬರೆದು, ಕೇಂದ್ರದ ಹುಡುಗರಿಗೂ ಲೈನ್‌ಮನ್‌ಗಳಿಗೂ ಒಟ್ಟಿಗೆ ತರಬೇತಿ ಕೊಟ್ಟರೆ, ಲೈನ್ ಹೋದ ಹೊತ್ತಿನಲ್ಲೂ ಊರಿನ ಬೋರ್‌ವೆಲ್ ಪಂಪು ಊರಿನ ಸೌದೆಯಿಂದಲೇ ಓಡುತ್ತದೆ.